ಆನ್ ಆರ್ಬರ್‌ನಲ್ಲಿ ಚೆಂಡು ಬಿಟ್ಟು ಲೈನ್ ನೋಡಿದ ಶನಿವಾರ

ಅಮೆರಿಕದ ಮಿಷಿಗನ್ ರಾಜ್ಯದ ಕ್ಯಾಂಟನ್‌ನಲ್ಲಿರುವ ಅಕ್ಕನ ಮನೆಯಿಂದ ಆನ್ ಆರ್ಬರ್‌ಗೆ ಕಾರಿನಲ್ಲಿ ಅರ್ಧ ಗಂಟೆ ದಾರಿ. ಆದರೆ 2023ರ ನವೆಂಬರ್ 25ರಂದು ಆ ಲೆಕ್ಕ ನಡೆಯುವಂತಿರಲಿಲ್ಲ. ಅವತ್ತು ಮಿಷಿಗನ್ ವಿಶ್ವವಿದ್ಯಾಲಯಕ್ಕೂ ಪಕ್ಕದ ರಾಜ್ಯದ ಒಹಾಯೊ ಸ್ಟೇಟ್ ವಿಶ್ವವಿದ್ಯಾಲಯಕ್ಕೂ ಅಮೆರಿಕನ್ ಫುಟ್‌ಬಾಲ್ ಪಂದ್ಯ. ಎರಡೂ ತಂಡ ಆಡಿದ ಹನ್ನೊಂದಕ್ಕೆ ಹನ್ನೊಂದೂ ಗೆದ್ದು ಬಂದಿದ್ದವು. ಆಟ ಶುರುವಾಗುವುದು ಮಧ್ಯಾಹ್ನ ಹನ್ನೆರಡಕ್ಕೆ. ನಾವು ಬೆಳಗಾಗುತ್ತಲೇ ಹೊರಟೆವು.

ಸ್ಟೇಡಿಯಂ ಎದುರಿನ ಪಯೊನಿಯರ್ ಹೈಸ್ಕೂಲ್ ಮೈದಾನ ಆಗಲೇ ಕಾರುಗಳಿಂದ ತುಂಬಿತ್ತು. ಡಿಕ್ಕಿ ತೆರೆದು, ಪಕ್ಕದಲ್ಲಿ ಗ್ರಿಲ್ ಹಚ್ಚಿ, ಮಾಂಸ ಸುಡುತ್ತಾ ನಿಂತಿದ್ದರು ಜನ. ಅಜ್ಜ, ಮಗ, ಮೊಮ್ಮಗಳು, ಎಲ್ಲರ ಮೈಮೇಲೂ ಅದೇ ಕಡುನೀಲಿ, ಅದೇ ಹಳದಿ. ಸ್ಟೇಡಿಯಂ ಒಳಗೆ ಆಗ ಬ್ಯಾಗ್ ಬಿಡುತ್ತಿರಲಿಲ್ಲ. ಹಾಗಾಗಿ ಅಕ್ಕ ಸುತ್ತಿಕೊಟ್ಟಿದ್ದ ಚಪಾತಿ ಪಲ್ಯವನ್ನು ನಾವೂ ಅಲ್ಲೇ ನಿಂತು ಮುಗಿಸಿದೆವು. ಪಕ್ಕದ ಕಾರಿನ ಹಿರಿಯರೊಬ್ಬರು ಒಂದು ಚಪಾತಿ ಕೇಳಿ ಇಸ್ಕೊಂಡು ತಿಂದರು. ಒಹಾಯೊ ಜೊತೆಗಿನ ಜಗಳ ಫುಟ್‌ಬಾಲ್‌ಗಿಂತ ಹಳೆಯದು ಎಂದು ಹೇಳಿದವರೂ ಅವರೇ. ಮಾತು ನಿಜ. 1835ರಲ್ಲಿ ಟೊಲಿಡೊ ಪಟ್ಟಿ ಎಂಬ ಗಡಿಯ ತುಂಡು ನೆಲಕ್ಕಾಗಿ ಎರಡೂ ಕಡೆಯವರು ಸೈನಿಕರನ್ನು ಗಡಿಗೆ ಕಳಿಸಿದ್ದರು. ಜಾಗ ಒಹಾಯೊಗೆ ಹೋಯಿತು. ಬದಲಿಗೆ ಮಿಷಿಗನ್‌ಗೆ ಮೇಲಿನ ಪರ್ಯಾಯದ್ವೀಪ ಸಿಕ್ಕಿತು. ತಂಡಗಳು ಮೊದಲ ಸಲ ಮೈದಾನದಲ್ಲಿ ಎದುರಾದದ್ದು 1897ರಲ್ಲಿ.

1927ರಲ್ಲಿ ತೆರೆದ ಈ ಸ್ಟೇಡಿಯಂನಲ್ಲಿ 1,07,601 ಜನ ಕೂರಬಹುದು. ರಸ್ತೆಯಿಂದ ನೋಡಿದರೆ ಅಷ್ಟು ದೊಡ್ಡದು ಅಂತ ಅನ್ನಿಸುವುದೇ ಇಲ್ಲ. ಬಾಗಿಲು ದಾಟಿದ ಮೇಲೆ ಗೊತ್ತಾಗುತ್ತದೆ, ಇದನ್ನು ನೆಲ ಅಗೆದು ಕಟ್ಟಿದ್ದಾರೆ. ನಾವು ನಿಂತಿರುವುದು ಮೇಲೆ, ಮೆಟ್ಟಿಲುಗಳೆಲ್ಲ ಕೆಳಕ್ಕೆ, ತಳದಲ್ಲಿ ಹಸಿರು ಮೈದಾನ. ಹಳೆಯ ದೇವಸ್ಥಾನದ ಕಲ್ಯಾಣಿಯ ದಡದಲ್ಲಿ ನಿಂತ ಹಾಗೆ. ಅವತ್ತು ಬಂದಿದ್ದವರು 1,10,615 ಜನ. ಬೆಂಚಿನ ಮೇಲೆ ಒಬ್ಬರಿಗೆ ಒಬ್ಬರು ಒತ್ತಿಕೊಂಡೇ ಕೂರಬೇಕು. ಆ ಚಳಿಗೆ ಅದೇ ಒಳ್ಳೆಯದಾಯಿತು.

ಅಕ್ಕನ ಮಗ ಅಲ್ಲೇ ಎಂಜಿನಿಯರಿಂಗ್ ಓದುತ್ತಾನೆ. ಆಟ ಶುರುವಾಗುವ ಮೊದಲೇ ಹೇಳಿಬಿಟ್ಟ, "ಮಾಮ, ಚೆಂಡು ನೋಡ್ಬೇಡಿ. ಲೈನ್ ನೋಡಿ."

ನಾಲ್ಕು ಪ್ರಯತ್ನದಲ್ಲಿ ಹತ್ತು ಗಜ ಮುಂದೆ ಹೋಗಬೇಕು, ಆಟದ ಮೂಲ ಇಷ್ಟೇ. ಟಿವಿಯಲ್ಲಿ ನೋಡುವಾಗ ನಮ್ಮ ಕಣ್ಣು ಚೆಂಡು ಎಸೆಯುವವನ ಮೇಲೆ, ಇಲ್ಲವೇ ಹಿಡಿದು ಓಡುವವನ ಮೇಲೆ ಇರುತ್ತದೆ. ಅವರ ಮುಂದೆ ಐವರು ದಢೂತಿ ಹುಡುಗರು ಸಾಲಾಗಿ ಬಗ್ಗಿ ನಿಂತಿರುತ್ತಾರೆ. ನಡುವೆ ಸೆಂಟರ್, ಅವನ ಎರಡೂ ಪಕ್ಕ ಗಾರ್ಡ್, ತುದಿಗಳಲ್ಲಿ ಟ್ಯಾಕಲ್. ಕಾಲುಗಳ ಸಂದಿಯಿಂದ ಚೆಂಡು ಹಿಂದಕ್ಕೆ ಕೊಡುವ ಸೆಂಟರ್‌ನನ್ನು ಬಿಟ್ಟರೆ ಉಳಿದ ನಾಲ್ವರು ಇಡೀ ಪಂದ್ಯದಲ್ಲಿ ಚೆಂಡು ಮುಟ್ಟುವುದೇ ಅಪರೂಪ. ಎದುರಿನವನನ್ನು ತಡೆಯುವುದು, ತಳ್ಳುವುದು, ಹಿಂದಿರುವವನಿಗೆ ದಾರಿ ಬಿಡಿಸುವುದು, ಇದೇ ಅವರ ಕೆಲಸ. ಚೆಂಡು ಅಲುಗುವ ಮೊದಲು ಒಬ್ಬ ಮಿಸುಕಾಡಿದರೂ ಐದು ಗಜ ದಂಡ. ಹಾಗಾಗಿ ಒಹಾಯೊ ಕೈಯಲ್ಲಿ ಚೆಂಡು ಇದ್ದಾಗ ಇಡೀ ಸ್ಟೇಡಿಯಂ ಕಿವಿ ಕಿತ್ತುಹೋಗುವ ಹಾಗೆ ಕಿರುಚುತ್ತದೆ, ಅವರ ಲೈನ್‌ಗೆ ಸೂಚನೆ ಕೇಳಿಸಬಾರದು ಅಂತ. ಮಿಷಿಗನ್ ಕೈಗೆ ಚೆಂಡು ಬಂದರೆ ಸದ್ದು ಇಳಿಯುತ್ತದೆ. ಹೀಗೆ ಸುಮ್ಮನಾಗುವುದನ್ನು ಯಾರೂ ಯಾರಿಗೂ ಹೇಳಿಕೊಡಬೇಕಾಗಿಲ್ಲ.

ಆ ವರ್ಷದ ಮಿಷಿಗನ್ ತಂಡದ ಬಲವೆಲ್ಲ ಈ ಸಾಲಿನಲ್ಲಿತ್ತು ಎಂದು ನನ್ನ ನಂಬಿಕೆ. ಎರಡು ವಾರ ಹಿಂದೆ ಪೆನ್ ಸ್ಟೇಟ್ ವಿರುದ್ಧ ಅವರು ಕೊನೆಕೊನೆಗೆ ಚೆಂಡು ಎಸೆಯುವುದನ್ನೇ ಬಿಟ್ಟಿದ್ದರು. ಸತತ 32 ಸಲ ಬರೀ ಓಟ. ಮುಂದೆ ಏನು ಬರುತ್ತದೆಂದು ಎದುರಾಳಿಗೂ ಗೊತ್ತು, ಆದರೂ ತಡೆಯಲಾಗಲಿಲ್ಲ. 24-15ರಲ್ಲಿ ಗೆದ್ದರು. ಕೋಚ್ ಜಿಮ್ ಹಾರ್ಬಾ ಅವತ್ತು ಮೈದಾನದಲ್ಲಿರಲಿಲ್ಲ. ಎದುರಾಳಿಗಳು ಮುಂದಿನ ಆಟ ಸೂಚಿಸಲು ಬಳಸುವ ಸಂಕೇತಗಳನ್ನು ತಂಡ ಕದ್ದ ಆರೋಪದ ಮೇಲೆ, ಮಿಷಿಗನ್ ಆಡುವ ಬಿಗ್ ಟೆನ್ ಒಕ್ಕೂಟ ಅವರನ್ನು ಮೂರು ಪಂದ್ಯ ದೂರ ಇಟ್ಟಿತ್ತು. ಅವರ ಜಾಗದಲ್ಲಿ ನಿಂತವರು ಶೆರೋನ್ ಮೂರ್, ತಮ್ಮ ಕಾಲದಲ್ಲಿ ಒಕ್ಲಹೋಮಾ ತಂಡದ ಗಾರ್ಡ್ ಆಗಿದ್ದವರು. ಮುಂದಿನ ವಾರ ಮೇರಿಲ್ಯಾಂಡ್ ವಿರುದ್ಧ ಗೆದ್ದಾಗ ಅದು ಮಿಷಿಗನ್‌ನ 1000ನೇ ಗೆಲುವು. ಬೇರೆ ಯಾವ ಕಾಲೇಜೂ ಆವರೆಗೆ ಅಲ್ಲಿಗೆ ಮುಟ್ಟಿರಲಿಲ್ಲ. ಸಂಕೇತದ ವಿಷಯವನ್ನು ನಾನು ಹಗುರವಾಗಿ ನೋಡುವುದಿಲ್ಲ. ತನಿಖೆ ಮುಗಿಸಿ 2025ರಲ್ಲಿ ಕಾಲೇಜು ಕ್ರೀಡೆಗಳನ್ನು ನೋಡಿಕೊಳ್ಳುವ ಸಂಸ್ಥೆ ಎನ್‌ಸಿಎಎ ದೊಡ್ಡ ದಂಡವನ್ನೇ ಹಾಕಿತು, ಗೆಲುವುಗಳನ್ನು ಮಾತ್ರ ಅಳಿಸಲಿಲ್ಲ. ಆದರೆ ಎದುರಿನವನ ಎದೆಗೆ ಎದೆ ಕೊಟ್ಟು ಹಿಂದಕ್ಕೆ ತಳ್ಳುವುದನ್ನು ಯಾರಿಂದಲೂ ಕದಿಯಲು ಆಗುವುದಿಲ್ಲ ಅಲ್ವಾ?

ಮೂರನೇ ಕ್ವಾರ್ಟರ್ ಮುಗಿಯುತ್ತಾ ಬಂದಿತ್ತು. 17-17. ಒಂದು ಪ್ರಯತ್ನ ಮುಗಿದು ಎಲ್ಲರೂ ಎದ್ದರು, ಒಬ್ಬ ಏಳಲಿಲ್ಲ. ಬಲಗಡೆಯ ಗಾರ್ಡ್, 65ನೇ ನಂಬರ್, ನಾಯಕರಲ್ಲೊಬ್ಬನಾದ ಝ್ಯಾಕ್ ಜಿಂಟರ್. ಕಾಲಿನ ಎರಡೂ ಮೂಳೆ ಮುರಿದಿತ್ತು. ಮಿಷಿಗನ್ ಹುಡುಗರು ಬೆಂಚಿನಿಂದ ಎದ್ದು ಬಂದು ಅವನ ಸುತ್ತ ನಿಂತರು. ನನ್ನ ಪಕ್ಕದ ಹೆಂಗಸು ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡಿದ್ದರು. ಪುಟ್ಟ ಗಾಡಿಯಲ್ಲಿ ಕೂರಿಸಿ ಅವನನ್ನು ಹೊರಗೆ ಕರೆದೊಯ್ದರು. ಬಲಗಡೆ ಟ್ಯಾಕಲ್ ಆಗಿದ್ದ ಕಾರ್ಸನ್ ಬಾರ್ನ್‌ಹಾರ್ಟ್ ಗಾರ್ಡ್ ಜಾಗಕ್ಕೆ ಸರಿದ. ಅವನ ಜಾಗಕ್ಕೆ ಟ್ರೆಂಟೆ ಜೋನ್ಸ್ ಬಂದ.

ಮುಂದಿನ ಪ್ರಯತ್ನದಲ್ಲೇ ಚೆಂಡು ಹಿಡಿದು ಓಡುವ ಬ್ಲೇಕ್ ಕೋರಮ್‌ಗೆ ಚೆಂಡು. ನಾನು ಅಕ್ಕನ ಮಗ ಹೇಳಿದ ಹಾಗೆ ಲೈನ್ ನೋಡುತ್ತಿದ್ದೆ. ಸಾಲು ಒಂದು ಕಡೆ ಬಾಯ್ಬಿಟ್ಟಿತು, ನೋಡನೋಡುತ್ತಿದ್ದ ಹಾಗೇ ಕೋರಮ್ ಅದರೊಳಗಿಂದ ಹೊರಬಿದ್ದಿದ್ದ. 22 ಗಜ ಓಡಿ ಎದುರಾಳಿಯ ಕೊನೆಯ ಗೆರೆ ದಾಟಿಸಿದ, ಟಚ್‌ಡೌನ್. ಅವನು ಕೈಬೆರಳುಗಳಲ್ಲಿ ಆರು, ಐದು ಎಂದು ತೋರಿಸಿದ. ಅಕ್ಕನ ಮಗ ಅಳುತ್ತಿದ್ದ. ನನ್ನ ಕಣ್ಣೂ ತುಂಬಿತ್ತು. ಜಿಂಟರ್ ಎಂಬ ಹೆಸರು ನನಗೆ ಪರಿಚಯವಾಗಿ ಆಗಿನ್ನೂ ಜಾಸ್ತಿ ಹೊತ್ತಾಗಿರಲಿಲ್ಲ.

ಕೊನೆಯ ನಿಮಿಷದಲ್ಲಿ ಮಿಷಿಗನ್ 30, ಒಹಾಯೊ 24. ಒಹಾಯೊ ಮತ್ತೆ ಮುನ್ನುಗ್ಗುತ್ತಾ ಬಂತು. ಮಿಷಿಗನ್ ಆಟಗಾರ ರಾಡ್ ಮೂರ್ ಚೆಂಡನ್ನು ನಡುವೆಯೇ ಹಿಡಿದ, ಅಲ್ಲಿಗೆ ಆಟ ಮುಗಿಯಿತು. ಜನ ಗೋಡೆ ಹಾರಿ ಮೈದಾನಕ್ಕಿಳಿದರು. ಮೇನ್ ಸ್ಟ್ರೀಟ್‌ನಲ್ಲಿ ಕಾರು ಹಾರ್ನ್ ಹೊಡೆದರೆ ಸಾಕು, ಫುಟ್‌ಪಾತ್‌ನಲ್ಲಿದ್ದವರು ಕೂಗಿ ಉತ್ತರ ಕೊಡುತ್ತಿದ್ದರು.

ಉಳಿದ ಪಂದ್ಯಗಳನ್ನು ನಾನು ಬೆಂಗಳೂರಿಗೆ ವಾಪಸ್ ಬಂದು ನೋಡಿದೆ. ಅಯೋವಾ ವಿರುದ್ಧ 26-0. ಸೆಮಿಫೈನಲ್ ಆಗಿದ್ದ ರೋಸ್ ಬೌಲ್‌ನಲ್ಲಿ ಅಲಬಾಮಾ ಮೇಲೆ ಹೆಚ್ಚುವರಿ ಸಮಯದಲ್ಲಿ 27-20, ಅದಕ್ಕಾಗಿ ಬೆಳಗಿನ ಜಾವ ಮೂರೂವರೆಗೆ ಏಳಬೇಕಾಯಿತು. ಹ್ಯೂಸ್ಟನ್‌ನ ಫೈನಲ್ ನಮಗೆ ಜನವರಿ 9ರ ಬೆಳಗ್ಗೆ ಆರಕ್ಕೆ. ಕಾಫಿ ಕುಡಿದು ಮುಗಿಸುವಷ್ಟರಲ್ಲಿ ಮಿಷಿಗನ್‌ನ ಡೊನೊವನ್ ಎಡ್ವರ್ಡ್ಸ್ 41 ಗಜ, 46 ಗಜ ಓಡಿ ಎರಡು ಟಚ್‌ಡೌನ್ ಹೊಡೆದಿದ್ದ. ಎರಡು ಸಲವೂ ನಾನು ರಿವೈಂಡ್ ಮಾಡಿ ಲೈನ್ ನೋಡಿದೆ. ಬಾರ್ನ್‌ಹಾರ್ಟ್ ಮತ್ತು ಜೋನ್ಸ್ ಅಲ್ಲಿದ್ದರು. ವಾಷಿಂಗ್ಟನ್ ವಿರುದ್ಧ 34-13. ಹದಿನೈದಕ್ಕೆ ಹದಿನೈದು ಗೆಲುವು, 1997ರ ನಂತರದ ಮೊದಲ ರಾಷ್ಟ್ರೀಯ ಪ್ರಶಸ್ತಿ.

ಜಿಂಟರ್‌ನ ಕಾಲು ಕೂಡಿಕೊಳ್ಳುತ್ತಿದ್ದ ಸಮಯದಲ್ಲೇ, 2024ರ ಏಪ್ರಿಲ್‌ನಲ್ಲಿ, ವೃತ್ತಿಪರ ತಂಡಗಳು ಹುಡುಗರನ್ನು ಆರಿಸಿಕೊಳ್ಳುವ ದಿನ ಬಂತು. ಮೂರನೇ ಸುತ್ತಿನಲ್ಲಿ ಅವನನ್ನು ತೆಗೆದುಕೊಂಡದ್ದು ಕ್ಲೀವ್‌ಲ್ಯಾಂಡ್ ಬ್ರೌನ್ಸ್. ಅಕ್ಕನ ಮಗ ರಾತ್ರಿಯೇ ಫೋನ್ ಮಾಡಿದ. "ಒಹಾಯೊಗೇ ಹೋಗ್ತಿದಾನೆ ಮಾಮ," ಅಂದ. "ಆದರೂ ಅವನ ಮ್ಯಾಚ್ ಒಂದನ್ನೂ ಬಿಡಲ್ಲ."