ಆಂಚೆಲೊಟ್ಟಿ ಬರೀ ಅದೃಷ್ಟವಂತನಾ?

ನಾನು ಫುಟ್‌ಬಾಲ್ ಹುಚ್ಚಿನವನು ಅಂತ ಗೊತ್ತಾದ ಕೂಡಲೇ ತುಂಬಾ ಜನ ಕೇಳುವ ಪ್ರಶ್ನೆ ಇದು: 'ಈ ಇಟಲಿಯ ಕೋಚ್ ಕಾರ್ಲೊ ಆಂಚೆಲೊಟ್ಟಿ ಮಾಡೋದಾದ್ರೂ ಏನು? ಸುಮ್ನೆ ಚೂಯಿಂಗ್ ಗಮ್ ಜಗಿಯುತ್ತಾ, ಒಂದು ಹುಬ್ಬು ಏರಿಸಿಕೊಂಡು ನಿಂತಿರ್ತಾರೆ. ಎಲ್ಲಾ ಅದೃಷ್ಟ, ಅಲ್ವಾ?'

ಅದೃಷ್ಟವಂತರಿಗೆ ಮೊಣಕಾಲು ಹಾಗೆ ಕೈಕೊಡುವುದಿಲ್ಲ. ರೋಮಾ ತಂಡದ ಮಿಡ್‌ಫೀಲ್ಡರ್ ಆಗಿದ್ದಾಗ ಗಾಯದಿಂದ ಅವರಿಗೆ 1982ರ ವಿಶ್ವಕಪ್ ತಪ್ಪಿತು. ಇಟಲಿ ಗೆದ್ದದ್ದು ಅದೇ ಸಲ. ಮತ್ತೆ ಗಾಯ. 1984ರಲ್ಲಿ ರೋಮಾ ತನ್ನ ಊರಿನಲ್ಲೇ ಯುರೋಪಿಯನ್ ಕಪ್ (ಈಗಿನ ಚಾಂಪಿಯನ್ಸ್ ಲೀಗ್) ಫೈನಲ್ ಆಡಿದಾಗಲೂ ಇವರು ಹೊರಗೆ. ಆಮೇಲೆ ಮಿಲಾನ್ ಸೇರಿ 1989, 1990ರಲ್ಲಿ ಆ ಕಪ್ ಗೆದ್ದರು ಅನ್ನಿ.

ಆದರೆ ನನ್ನ ಉತ್ತರ ಶುರುವಾಗುವುದು ಕೋಚ್ ಆದಮೇಲೆ ಅವರು ಮಾಡಿದ ಒಂದು ತಪ್ಪಿನಿಂದ. 1997ರಲ್ಲಿ ಅವರು ಪಾರ್ಮಾದಲ್ಲಿದ್ದರು. ತಲೆಯಲ್ಲಿ ಗುರು ಅರಿಗೊ ಸಾಕಿಯ 4-4-2 (ನಾಲ್ವರು ಡಿಫೆಂಡರ್, ನಾಲ್ವರು ಮಿಡ್‌ಫೀಲ್ಡರ್, ಇಬ್ಬರು ಸ್ಟ್ರೈಕರ್) ಗಟ್ಟಿಯಾಗಿ ಕೂತಿತ್ತು. ಇಟಲಿಯ ತಾರೆ ರೊಬರ್ಟೊ ಬಾಜಿಯೊ ತಂಡಕ್ಕೆ ಬರಲು ತಯಾರಿದ್ದರು. ಅವರಿಗೆ ಸ್ಟ್ರೈಕರ್ ಹಿಂದೆ ಆಡಬೇಕು. 4-4-2ರಲ್ಲಿ ಆ ಜಾಗವೇ ಇಲ್ಲ. ಆಂಚೆಲೊಟ್ಟಿ ಬೇಡ ಅಂದುಬಿಟ್ಟರು! ಬಾಜಿಯೊ ಬೊಲೋನ್ಯಾಕ್ಕೆ ಹೋಗಿ ಆ ಸೀಸನ್ನಿನ ಲೀಗ್‌ನಲ್ಲಿ 22 ಗೋಲು ಹೊಡೆದರು. ತಪ್ಪು ಮಾಡಿದೆ ಅಂತ ಆಂಚೆಲೊಟ್ಟಿಯೇ ಆಮೇಲೆ ಒಪ್ಪಿಕೊಂಡರು.

ಅಲ್ಲಿಂದ ಮುಂದೆ ಅವರು ಆಟಗಾರರನ್ನು ನೋಡಿ ಆಟ ಕಟ್ಟತೊಡಗಿದರು. ಮಿಲಾನ್‌ನಲ್ಲಿ ಮುಂದೆ ಆಡಬೇಕಾದ ಪಿರ್ಲೊ ಅವರನ್ನು ಡಿಫೆನ್ಸ್ ಎದುರಿಗೆ ತಂದು ನಿಲ್ಲಿಸಿದರು. 2003, 2007ರ ಚಾಂಪಿಯನ್ಸ್ ಲೀಗ್ ಬಂತು. ಹೊರದೇಶದಲ್ಲಿ ಈ ಗುಣ ಇನ್ನೂ ಜಾಸ್ತಿ ಕೆಲಸಕ್ಕೆ ಬಂತು ಅನ್ನೋದು ನನ್ನ ಲೆಕ್ಕ. 2009-10ರಲ್ಲಿ ಅವರ ಕೈಕೆಳಗೆ ಇಂಗ್ಲೆಂಡಿನ ಚೆಲ್ಸಿ 103 ಗೋಲು ಹೊಡೆದು ಲೀಗ್ ಗೆದ್ದಿತು, ಎಫ್‌ಎ ಕಪ್ ಕೂಡ. ಒಂದೇ ವರ್ಷ ಕಳೆದು, ಕೊನೆಯ ಮ್ಯಾಚ್ ಮುಗಿದ ಕೆಲವೇ ಗಂಟೆಗಳಲ್ಲಿ ಅವರನ್ನು ತೆಗೆದರು. ಆಮೇಲೆ ಪ್ಯಾರಿಸ್, ಮ್ಯೂನಿಕ್, ಮ್ಯಾಡ್ರಿಡ್, ಎಲ್ಲ ಕಡೆ ಲೀಗ್ ಗೆದ್ದರು. ಯುರೋಪಿನ ಐದು ದೊಡ್ಡ ಲೀಗ್‌ಗಳನ್ನೂ (ಇಟಲಿ, ಇಂಗ್ಲೆಂಡ್, ಫ್ರಾನ್ಸ್, ಜರ್ಮನಿ, ಸ್ಪೇನ್) ಗೆದ್ದ ಕೋಚ್ ಅವರೊಬ್ಬರೇ. ಮ್ಯಾಡ್ರಿಡ್‌ನಲ್ಲಿ ಮತ್ತೆ ಮೂರು ಚಾಂಪಿಯನ್ಸ್ ಲೀಗ್.

'2022ರ ಚಾಂಪಿಯನ್ಸ್ ಲೀಗ್ ಸೆಮಿಫೈನಲ್ ನೋಡಿ, ಅದು ಅದೃಷ್ಟ ಅಲ್ಲದೆ ಮತ್ತೇನು?' ಅಂತ ಇಲ್ಲಿ ಒಬ್ಬರಾದರೂ ತಡೆಯುತ್ತಾರೆ. ಮ್ಯಾಂಚೆಸ್ಟರ್ ಸಿಟಿ ಎದುರು 90ನೇ ನಿಮಿಷದವರೆಗೂ ರಿಯಲ್ ಮ್ಯಾಡ್ರಿಡ್ ಕತೆ ಮುಗಿದಂತೆಯೇ ಇತ್ತು. ಆಗ ಮ್ಯಾಡ್ರಿಡ್‌ನ ರೊಡ್ರಿಗೊ ಒಂದರ ಹಿಂದೆ ಒಂದು ಎರಡು ಗೋಲು ಹೊಡೆದರು. ಆ ಹುಡುಗ ಬೆಂಚಿನಿಂದ ಬಂದವನು. ಅವನಿಗಾಗಿ 68ನೇ ನಿಮಿಷದಲ್ಲಿ ಹೊರಗೆ ಕರೆದದ್ದು ಟೋನಿ ಕ್ರೂಸ್ ಅವರನ್ನು. 75ಕ್ಕೆ ಮಾಡ್ರಿಚ್, ಕಾಸೆಮಿರೊ ಕೂಡ ಹೊರಗೆ. ವರ್ಷಗಟ್ಟಲೆ ತಂಡದ ಬೆನ್ನೆಲುಬಾಗಿದ್ದ ಮೂವರನ್ನೂ ಕೂರಿಸಿ, ಹುಡುಗರ ಕೈಗೆ ಮ್ಯಾಚ್ ಕೊಟ್ಟು, ಆಂಚೆಲೊಟ್ಟಿ ಮತ್ತೆ ಗಮ್ ಜಗಿಯುತ್ತಾ ನಿಂತರು.