ಅರಿಶಿಣಕ್ಕೆ ಮುಂಚೆ ಒಂದಿಷ್ಟು ಹೆದರಿಕೆ

ಮುಂದಿನ ವಾರ ನನಗೆ ಅರಿಶಿಣ ಹಚ್ಚುತ್ತಾರೆ. ನಿದ್ದೆ ಬರ್ತಿಲ್ಲ. ಹೇಳಿದರೆ ಗೆಳೆಯರು ನಗುತ್ತಾರೆ, ಸೋದರಮಾವನಂತೂ ಗಾಬರಿಯಾಗಿ "ಯಾಕೋ, ಹುಡುಗಿ ಮನಸ್ಸಿಗೆ ಬಂದಿಲ್ಲೇನು?" ಅಂದ. ಬಂದಿದ್ದಾಳೆ. ಅದಕ್ಕೇ ಹೆದರಿಕೆ.

ನಮ್ಮದು ಬಾಗಲಕೋಟೆ ನವನಗರ. ಹಳೇ ಊರಿನ ಮನೆ ಆಲಮಟ್ಟಿ ಹಿನ್ನೀರಿಗೆ ಹೋದ ಮೇಲೆ ಅಪ್ಪ ಇಲ್ಲಿ ಕಟ್ಟಿಸಿದ್ದು. ಈಗ ಮೇಲೊಂದು ರೂಮು ಏರಿಸಿ ಬಣ್ಣ ಹೊಡೆಸಿದ್ದಾರೆ. ಹುಡುಗಿ ವಿಜಯಪುರದಲ್ಲಿ ನರ್ಸ್, ನೈಟ್ ಡ್ಯೂಟಿನೂ ಇರುತ್ತೆ. ಆ ಕೆಲಸದ ಗತಿ ಏನು ಅಂತ ಮಾತುಕತೆ ದಿನ ಯಾರೂ ಎತ್ತಲಿಲ್ಲ. ಊಟ ಎಷ್ಟು ಜನಕ್ಕೆ, ಹುಗ್ಗಿಯೋ ಬುಂದಿಯೋ, ಬೀಗರಿಗೆ ಏನು ಆಯೇರಿ, ಎಲ್ಲ ಆಯಿತು. ಕೆಲಸದ ಮಾತಿಗೆ ಬಂದರೆ "ಹೊಂದ್ಕೊಂಡ ಹೊಕ್ಕಾಳ ಬಿಡ್ರಿ".

ಇಳಕಲ್ಲಿಗೆ ಜವಳಿ ತರಲು ಹೋಗಿದ್ದೆವು. ದೊಡ್ಡಮ್ಮ ಸೀರೆ ಬಿಚ್ಚಿ, ಒಡಲಿನ ಎಳೆಗೆ ಸೆರಗಿನ ಎಳೆ ಕೊಂಡಿ ಹಾಕಿರುವ ಜಾಗವನ್ನು ಹೆಬ್ಬೆರಳಲ್ಲಿ ಉಜ್ಜಿ ಉಜ್ಜಿ, ಎರಡೂ ಕಡೆ ಹಿಡಿದು ಜಗ್ಗಿ ನೋಡಿದರು. ಒಂದು ಸೀರೆಗೆ ಅರ್ಧ ಗಂಟೆ! ನಮ್ಮಿಬ್ಬರಿಗೆ ಸಿಕ್ಕಿದ್ದು ಚಹಾ ಬರುವಷ್ಟು ಹೊತ್ತು. ಅಷ್ಟರಲ್ಲೇ ಅವಳು ಕೇಳಿದಳು, "ನಾ ಕೆಲಸ ಬಿಡಬೇಕಂತ ನಿಮ್ಮ ಮನ್ಯಾಗ ಮಾತಾಗೇದೇನ್ರಿ?" ಇಲ್ಲ ಅಂದೆ. ಮಾತೇ ಆಗಿರಲಿಲ್ಲವಲ್ಲ.

ಬೇರೆ ಚಿಂತೆಗಳೂ ಇವೆ. ಸುರಗಿ ನೀರಿಗೆ, ಅಂದರೆ ಮದುವೆಯಲ್ಲಿ ಮಾಡಿಸುವ ಶಾಸ್ತ್ರದ ಸ್ನಾನಕ್ಕೆ, ಬರೀ ಮೈಯಲ್ಲಿ ಕೂರಬೇಕು, ಹೊಟ್ಟೆ ಬಂದಿದೆ (ನಗಬೇಡಿ). ಅದು ಒಂದು ದಿನದ್ದು, ಹೇಗೋ ಆಗುತ್ತೆ.

ನಿನ್ನೆ ಫೋನಿನಲ್ಲಿ ಅವಳಿಗೇ ಹೇಳಿಬಿಟ್ಟೆ, ಹೆದರಿಕೆ ಆಗ್ತಿದೆ ಅಂತ. "ನಿಮಗ್ಯಾಕ್ರಿ ಹೆದರಿಕಿ? ಮನಿ ಬಿಡಾಕಿ ನಾನು" ಅಂದಳು. ಏನು ಹೇಳಲಿ ಇದಕ್ಕೆ? ಆಮೇಲೆ ಲೆಕ್ಕ ಹಾಕುತ್ತಾ ಕೂತೆವು. ರೈಲು ಎರಡೂ ಊರಿಗೆ ಇದೆ, ಆದರೆ ಅವಳ ಡ್ಯೂಟಿ ಟೈಮಿಗೆ ಹೊಂದಲ್ಲ. ದಿನಾ ಬಸ್ಸು ಅಂದರೆ ಮೈ ಹಣ್ಣಾಗುತ್ತೆ. ನನ್ನ ಕೆಲಸ ಲ್ಯಾಪ್‌ಟಾಪ್ ಮುಂದಿನದು, ಎಲ್ಲಿ ಕೂತರೂ ನಡೆಯುತ್ತೆ. ಹಾಗಾಗಿ ಒಂದು ವರ್ಷ ವಿಜಯಪುರದಲ್ಲಿ ಬಾಡಿಗೆ ಮನೆ ಮಾಡೋದು ಅಂತ ಆಗಿದೆ, ನಮ್ಮಿಬ್ಬರ ಮಟ್ಟಿಗೆ.

ಅಪ್ಪನಿಗೆ ಇನ್ನೂ ಹೇಳಿಲ್ಲ. ಹಂದರ ಹಾಕುವ ಮೊದಲೇ ಹೇಳಬೇಕು, ಮನೆ ತುಂಬ ನೆಂಟರು ಸೇರಿದ ಮೇಲೆ ಬಾಯಿ ಬಿಟ್ಟರೆ ಜಗಳವೇ. ಮೊದಲು ಅವ್ವನ ಕಿವಿಗೆ ಹಾಕಿದರೆ ಅರ್ಧ ಕೆಲಸ ಆದಂಗೆ ಅನ್ನೋದು ಅವಳ ಲೆಕ್ಕ. ನಮ್ಮ ಮನೆ ನನಗಿಂತ ಜಾಸ್ತಿ ಅವಳಿಗೇ ಅರ್ಥವಾಗಿದೆ ಅನ್ಸುತ್ತೆ.