ಕಾಂಡ ಒಣಗುವ ರೋಗ: 4ನೇ ಬಳ್ಳಿಗೆ ಎರಡು ಸಲ ಗರಗಸ ಹಾಕಿದ ಕತೆ

ಮೊದಲ ದಿನ

ನನ್ನ ಹತ್ತಿರ ಇರೋದು 9 ದ್ರಾಕ್ಷಿ ಬಳ್ಳಿ. ಎಲ್ಲಕ್ಕೂ 13 ವರ್ಷ. 4ನೇ ಬಳ್ಳಿಯ ಎಡತೋಳು, ಅಂದರೆ ಕಾಂಡದಿಂದ ಎಡಕ್ಕೆ ತಂತಿ ಮೇಲೆ ಹಬ್ಬಿಸಿದ ದಪ್ಪ ಕವಲು, ಎರಡು ವರ್ಷದಿಂದ ಸರಿಯಾಗಿ ಚಿಗುರುತ್ತಿರಲಿಲ್ಲ. ನೀರು ಕಮ್ಮಿ ಆಗಿರಬೇಕು ಅಂದುಕೊಂಡೆ. ಆಮೇಲೆ ಗೊಬ್ಬರ ಜಾಸ್ತಿ ಹಾಕಿದೆ. ಏನೂ ಆಗಲಿಲ್ಲ. ಇವತ್ತು ಗರಗಸ ತಗೊಂಡು ಒಣಗಿದ ತೋಳನ್ನು ಕೊಯ್ದೆ.

ಮೊದಲು ಬಿದ್ದ ಪುಡಿ ಕಾಫಿಪುಡಿ ಬಣ್ಣದ್ದು. ಕೊಯ್ದ ಮುಖ ನೋಡಿದರೆ ಮರದ ಮುಕ್ಕಾಲು ಭಾಗ ಕಂದು. ಒಂದೊಂದೇ ಬಿಲ್ಲೆ ಕತ್ತರಿಸುತ್ತಾ ಕಾಂಡದ ಕಡೆ ಬಂದೆ. ಬಿಲ್ಲೆಗಳ ಮೇಲೆ ಪೆನ್ಸಿಲ್‌ನಲ್ಲಿ ನಂಬರ್ ಬರೆದು ಸಾಲಾಗಿ ಜೋಡಿಸಿದೆ. 3ನೆಯದರಲ್ಲಿ ಕಂದು ಭಾಗ ಬೆಣೆ ಆಕಾರಕ್ಕೆ ಬಂತು. ಚೂಪು ತುದಿ ನಡುವಿಗೆ, ಅಗಲದ ಬದಿ ತೊಗಟೆಗೆ. ಆ ಅಗಲದ ಬದಿಯಲ್ಲೇ ಹಳೆಯ ಚಾಟ್ನಿ (ಬಳ್ಳಿ ಸವರೋದು) ಗಾಯವೊಂದಿತ್ತು. ನಾನೇ ಮಾಡಿದ ಗಾಯ.

7ನೇ ಬಿಲ್ಲೆಗೆ ಬಂದಾಗ ಪುಡಿ ಬೆಳ್ಳಗೆ, ಒದ್ದೆಯಾಗಿ ಬೀಳತೊಡಗಿತು. ಮರದಲ್ಲಿ ಸಾಸಿವೆ ಕಾಳಿನಷ್ಟು ಕಂದು ಚುಕ್ಕೆ ಮಾತ್ರ ಉಳಿದಿತ್ತು. ಕಲೆ ಮುಗಿದ ಜಾಗದಿಂದ ಇನ್ನೂ 10 ಸೆಂ.ಮೀ. ಕೆಳಗೆ ಕತ್ತರಿಸಬೇಕು ಅನ್ನೋದು ಗೊತ್ತಿತ್ತು. ಹಾಗೆ ಮಾಡಿದರೆ ಚೆನ್ನಾಗಿ ಕಾಯಿ ಕಚ್ಚುವ ಬಲತೋಳೂ ಹೋಗುತ್ತದೆ. ಮನಸ್ಸು ಬರಲಿಲ್ಲ, ಅಲ್ಲಿಗೇ ನಿಲ್ಲಿಸಿದೆ.

6ನೇ ದಿನ

7ನೇ ಬಳ್ಳಿಯಲ್ಲೂ ಅದೇ ಬೆಣೆ. ಇದರ ಎರಡೂ ತೋಳು ಸೊರಗಿದ್ದರಿಂದ ಕೈ ನಡುಗಲಿಲ್ಲ. ನೆಲದಿಂದ ಮೊಣಕಾಲೆತ್ತರಕ್ಕೆ ಕಾಂಡವನ್ನೇ ಕೊಯ್ದೆ. ಕೊಯ್ದ ಮುಖ ಪೂರ್ತಿ ಕೆನೆ ಬಣ್ಣ, ಒಂದು ಚುಕ್ಕೆಯೂ ಇಲ್ಲ. ಗಾಯಕ್ಕೆ ಟ್ರೈಕೋಡರ್ಮಾ ಬಳಿದೆ, ರೋಗದ ಶಿಲೀಂಧ್ರವನ್ನು ತಡೆಯುವ ಒಳ್ಳೆಯ ಶಿಲೀಂಧ್ರ ಅದು.

ಬೆಣೆ ಆಕಾರದ ಕಲೆಯನ್ನು ಯುಟೈಪಾ ಶಿಲೀಂಧ್ರವೂ ಮಾಡುತ್ತದೆ, ಬೋಟ್ರಿಯೋಸ್ಫೇರಿಯಾ ಗುಂಪಿನವೂ ಮಾಡುತ್ತವೆ. ಬರೀ ಮರ ನೋಡಿ ಯಾವುದು ಅಂತ ಹೇಳಲಾಗದು, ಪ್ರಯೋಗಾಲಯದಲ್ಲಿ ಬೆಳೆಸಿಯೇ ನೋಡಬೇಕು. ಯುಟೈಪಾ ಆಗಿದ್ದರೆ ಚಿಗುರು ಗಿಡ್ಡವಾಗಿ, ಎಲೆ ಚಿಕ್ಕದಾಗಿ, ಹಳದಿಯಾಗಿ, ಬಟ್ಟಲಿನ ಹಾಗೆ ಮುದುಡಿಕೊಳ್ಳುತ್ತದೆ. ನನ್ನ ಬಳ್ಳಿಗಳಲ್ಲಿ ಅದು ಕಾಣಲಿಲ್ಲ. ಏನೇ ಇರಲಿ, ಮಾಡಬೇಕಾದ ಕೆಲಸ ಒಂದೇ.

5ನೇ ವಾರ

7ನೇ ಬಳ್ಳಿಯ ಬುಡದಲ್ಲಿ ಮೂರು ಚಿಗುರು! ತೊಗಟೆ ಸೀಳಿಕೊಂಡು ಬಂದ ಗುಲಾಬಿ ಬಣ್ಣದ ಮೊಗ್ಗುಗಳು. ಗಟ್ಟಿಯಾಗಿ ನೆಟ್ಟಗಿರುವ ಒಂದನ್ನು ಕೋಲಿಗೆ ಕಟ್ಟಿದೆ, ಎರಡನ್ನು ಚಿವುಟಿದೆ. 4ನೇ ಬಳ್ಳಿಯ ಬುಡದಲ್ಲೂ ಒಂದು ಬಂದಿದೆ. ಬೇರೆ ವರ್ಷವಾಗಿದ್ದರೆ ಬುಡದ ಚಿಗುರು ಅಂತ ಕಿತ್ತು ಹಾಕುತ್ತಿದ್ದೆ. ಈ ಸಲ ಬಿಟ್ಟೆ.

14ನೇ ವಾರ

2ನೇ ಬಳ್ಳಿಯಲ್ಲಿ ಹೊಸ ತಲೆನೋವು. ಎಲೆಯ ನರಗಳ ಗುಂಟ ಹಸಿರು ಪಟ್ಟಿ, ನಡುವೆ ಹಳದಿಯಾಗಿ ಒಣಗಿದ ಪಟ್ಟಿ. ಹುಲಿಪಟ್ಟೆ ಅನ್ನುತ್ತಾರಲ್ಲ, ಅದೇ. ಇದು ಎಸ್ಕಾ ರೋಗದ ಗುರುತು, ಅದೂ ಶಿಲೀಂಧ್ರ ಮರದೊಳಗೆ ಹೊಕ್ಕು ಬರುವ ರೋಗವೇ. ಸಂಶಯ ಬೇಡ ಅಂತ ಸೊರಗಿದ ಒಂದು ಕವಲನ್ನು ಕೊಯ್ದು ನೋಡಿದೆ. ಮರದಲ್ಲಿ ಕಪ್ಪು ಚುಕ್ಕೆಗಳ ಸಾಲು. ನೋಡುತ್ತಿದ್ದ ಹಾಗೆ ಒಂದೊಂದು ಚುಕ್ಕೆಯಿಂದಲೂ ಡಾಂಬರಿನಂಥ ಕಪ್ಪು ಅಂಟು ಹನಿಯಾಗಿ ಉಬ್ಬಿ ಬಂತು. ನೀರು ಹರಿಯುವ ನಾಳಗಳೇ ಕಟ್ಟಿಕೊಂಡಿವೆ.

ಈ ಹುಲಿಪಟ್ಟೆ ಒಂದು ವರ್ಷ ಕಂಡು ಮುಂದಿನ ವರ್ಷ ಕಾಣದೆ ಇರಬಹುದು. ಆಗ ಬಳ್ಳಿ ವಾಸಿಯಾಯ್ತು ಅಂದುಕೊಳ್ಳುತ್ತೇವೆ. ಒಳಗಿನ ಮರ ಹಾಗೇ ಇರುತ್ತದೆ. ಅದಕ್ಕೇ ಕಾಂಡಕ್ಕೆ ಕೆಂಪು ಬಟ್ಟೆ ಕಟ್ಟಿದ್ದೇನೆ, ಮುಂದಿನ ಚಾಟ್ನಿಯಲ್ಲಿ ಮರೆಯಬಾರದು.

ಔಷಧಿ ಇಲ್ವಾ ಅಂತ ಹುಡುಕಿದೆ. ಹಿಂದೆ ಯುರೋಪಿನಲ್ಲಿ ಸೋಡಿಯಂ ಆರ್ಸೆನೈಟ್ ಹೊಡೆಯುತ್ತಿದ್ದರು. ಅದು ಮನುಷ್ಯರಿಗೇ ವಿಷ. ಫ್ರಾನ್ಸ್ 2001ರಲ್ಲಿ ನಿಲ್ಲಿಸಿತು. ಮರದೊಳಗೆ ಹೊಕ್ಕ ಶಿಲೀಂಧ್ರವನ್ನು ಎಲೆಗೆ ಸಿಂಪಡಿಸಿ ಓಡಿಸೋಕೆ ಆಗಲ್ಲ.

11ನೇ ತಿಂಗಳು

ಚಾಟ್ನಿಗೆ ಮುಂಚೆ 4ನೇ ಬಳ್ಳಿಯ ಹಳೆಯ ಗಾಯದಿಂದ ತೆಳುವಾಗಿ ಒಂದು ಬಿಲ್ಲೆ ತೆಗೆದೆ. ಸಾಸಿವೆ ಕಾಳು ಈಗ ಹೆಬ್ಬೆರಳ ಉಗುರಿನಷ್ಟಾಗಿದೆ. ಬಲತೋಳಿನ ಬುಡದ ತನಕ ಬಂದಿದೆ. ಅವತ್ತು ಉಳಿಸಿಕೊಂಡೆ ಅಂದುಕೊಂಡ ತೋಳು ನನ್ನ ಕೈಯಾರೆ ಹೋಯ್ತು. ತುಂಬಾ ಬೇಜಾರಾಯ್ತು.

ಈ ಸಲ ಪೂರ್ತಿ ಕೆಳಗೆ ಹೋದೆ. ಕಲೆ ಮುಗಿದ ಮೇಲೂ ಅಳತೆಪಟ್ಟಿ ಹಿಡಿದು 10 ಸೆಂ.ಮೀ. ಬಿಟ್ಟು ಕೊಯ್ದೆ. ಬುಡದ ಆ ಒಂಟಿ ಚಿಗುರು ಇತ್ತಲ್ಲ, ಅದೇ ಈಗ ಈ ಬಳ್ಳಿಯ ಕಾಂಡ.

ಚಾಟ್ನಿ ಮಾಡುವ ರೀತಿಯನ್ನೂ ಬದಲಾಯಿಸಿದೆ. ಸತ್ತ ಮರದಲ್ಲಿ ಕೂತ ಶಿಲೀಂಧ್ರದ ಬೀಜಕಣಗಳು ಮಳೆಯಲ್ಲಿ ನೆನೆದಾಗ ಹೊರಬಂದು ಹಸಿ ಗಾಯದ ಮೇಲೆ ಕೂರುತ್ತವೆ. ಗಾಯ ಒಂದು ದಿನದಲ್ಲಿ ಮಾಯೋದಲ್ಲ, ವಾರಗಟ್ಟಲೆ ಬಾಯಿ ತೆರೆದೇ ಇರುತ್ತದೆ. ನಾನು ಇಷ್ಟು ವರ್ಷ ಮೋಡ ಇರಲಿ, ಜಡಿ ಇರಲಿ, ಬಿಡುವು ಸಿಕ್ಕ ದಿನ ಕತ್ತರಿ ಹಿಡಿಯುತ್ತಿದ್ದೆ. ದಪ್ಪ ಕವಲುಗಳನ್ನು ಕಾಂಡಕ್ಕೆ ಸಮವಾಗಿ ನುಣ್ಣಗೆ ಕೊಯ್ಯುತ್ತಿದ್ದೆ. ಕತ್ತರಿಸಿದ ಕಡ್ಡಿಗಳನ್ನು ಬಳ್ಳಿ ಪಕ್ಕದಲ್ಲೇ ಗುಡ್ಡೆ ಹಾಕುತ್ತಿದ್ದೆ. ಮೂರೂ ತಪ್ಪು. ಈಗ ನಾಲ್ಕೈದು ದಿನ ಒಣಹವೆ ಇದೆ ಅಂತ ಖಾತ್ರಿಯಾದ ಮೇಲೇ ಚಾಟ್ನಿ. ದೊಡ್ಡ ಗಾಯ ಮಾಡಲೇಬೇಕಾದರೆ ಸ್ವಲ್ಪ ಮೋಟು ಬಿಡುತ್ತೇನೆ, ಗಾಯದಿಂದ ಒಳಕ್ಕೆ ಮರ ಒಣಗುತ್ತದಲ್ಲ, ಅದು ಮೋಟಿನಲ್ಲೇ ನಿಲ್ಲಲಿ ಅಂತ. ಗಾಯಕ್ಕೆ ಅದೇ ದಿನ ಲೇಪ.

14ನೇ ತಿಂಗಳು, ಇವತ್ತು

7ನೇ ಬಳ್ಳಿಯ ಹೊಸ ಕಾಂಡ ಹೆಬ್ಬೆರಳ ದಪ್ಪ. ತಂತಿ ಮುಟ್ಟಿ ಎರಡೂ ಕಡೆ ತೋಳು ಚಾಚಿದೆ. ನಾಲ್ಕು ಪುಟ್ಟ ಗೊಂಚಲು ಬಂದಿದ್ದವು, ಎರಡು ತೆಗೆದು ಎರಡು ಬಿಟ್ಟಿದ್ದೇನೆ. 4ನೆಯದು ಇನ್ನೂ ತಂತಿಗಿಂತ ಎರಡು ಗೇಣು ಕೆಳಗಿದೆ. 2ನೆಯದರ ಎಲೆ ಈ ವರ್ಷ ಅಚ್ಚ ಹಸಿರು. ಕೆಂಪು ಬಟ್ಟೆ ಬಿಚ್ಚಿಲ್ಲ. ಅದರ ಬುಡದಲ್ಲೂ ಒಂದು ಚಿಗುರನ್ನು ಕೋಲಿಗೆ ಕಟ್ಟಿಟ್ಟಿದ್ದೇನೆ.